ಷುಲ್‌ಮುಲ್‌ನ ಬೆಂಕಿಯ ಮಗಳು

ಮನಸ್ಸು ನೆಟ್ಟಗಿಲ್ಲದ ದಿನ ನಿಕಾನೋರ್ ಚಾಬ್ಲೆ ಪಿರಮಿಡ್ಡಿನ ವಯಸ್ಸು ಹೆಚ್ಚಿಸುತ್ತಿದ್ದ. ಮಾಮೂಲಿ ದಿನಗಳಲ್ಲಿ ಷುಲ್‌ಮುಲ್‌ನ ದೊಡ್ಡ ಗುಡಿಗೆ ಸಾವಿರದ ಇನ್ನೂರು ವರ್ಷ. ಹೆಂಡತಿ ಮುಖ ತಿರುಗಿಸಿಕೊಂಡು ಕಾಫಿ ಕೊಟ್ಟ ದಿನ ಸಾವಿರದ ಐನೂರು. ದವಡೆ ಹಲ್ಲು ಕೀಳಿಸಿಕೊಂಡ ದಿನ ಎರಡು ಸಾವಿರದ ತನಕ ಹೋಗಿತ್ತು. ಈ ಶನಿವಾರ ವ್ಯಾನು ಮೆರಿಡಾದ ಚೌಕ ಬಿಟ್ಟು ಇನ್ನೂ ಊರಿನ ಅಂಚು ದಾಟಿರಲಿಲ್ಲ, ಮೈಕು ಹಿಡಿದವನ ಬಾಯಿಂದ ಮೂರು ಸಾವಿರ ವರ್ಷ ಎಂಬ ಮಾತು ಹೊರಬಿತ್ತು. ಡ್ರೈವರ್ ಗಾಸ್ಪಾರ್ ಕನ್ನಡಿಯಲ್ಲಿ ಅವನ ಮುಖ ನೋಡಿ, ಮೈಕಿಗೆ ಕೇಳದ ಹಾಗೆ, 'ಏನ್ ದೋನ್ ನಿಕಾ, ಮನೇಲಿ ಯಾರಾದ್ರೂ ಹೋಗ್ಬಿಟ್ರಾ?' ಎಂದ. 'ರಸ್ತೆ ನೋಡ್ಕೊಂಡು ಓಡ್ಸು' ಎಂದ ನಿಕಾನೋರ್.

ಇಡೀ ಯುಕಾತಾನಿನಲ್ಲಿ ಅವನಂಥ ಗೈಡು ಇನ್ನೊಬ್ಬನಿರಲಿಲ್ಲ. ಇದ್ದ ಒಬ್ಬನೂ ಅಸೂಯೆಯಿಂದ ಗಂಟಲು ಕಟ್ಟಿಹೋಗಿ ಕಾಂಪೆಚೆಯಲ್ಲಿ ಮೀನು ಮಾರಲು ಕೂತ. ನಿಕಾನೋರ್ ಕಥೆಗೆ ತೊಡಗಿದನೆಂದರೆ ಬಂಡೆಯ ಮೇಲೆ ಬಿಸಿಲು ಕಾಯಿಸುತ್ತಿದ್ದ ಉಡಗಳು ಕತ್ತೆತ್ತಿ ಸಾಲಾಗಿ ಕೂರುತ್ತಿದ್ದವು. ಗುಡಿಯ ಮೆಟ್ಟಿಲುಗಳು ತಮಗೇ ಗೊತ್ತಿಲ್ಲದ ಸಂಗತಿ ಕೇಳಿ ಬೆರಗಾಗುತ್ತಿದ್ದವು. ಹತ್ತು ವರ್ಷ ಅದೇ ಮಣ್ಣು ಅಗೆದ ಪಂಡಿತನೊಬ್ಬ ಅವನ ಒಂದು ಗಂಟೆಯ ಮಾತು ಕೇಳಿ ತನ್ನ ಟಿಪ್ಪಣಿಗಳನ್ನೆಲ್ಲ ಅಲ್ಲೇ ಹರಿದು ಹಾಕಿದನಂತೆ. 'ಅಂತೆ' ಎಂದು ಊರಿಗೆಲ್ಲ ಹಬ್ಬಿಸಿದವನೂ ನಿಕಾನೋರನೇ. ಆದರೆ ಈ ಕೀರ್ತಿಯೆಲ್ಲ ಎರಡು ವರ್ಷದಿಂದ ಈಚೆಗೆ ಇನ್ನೊಬ್ಬರ ಕೈ ಸೇರಿತ್ತು. ಜನ ಈಗ ಪಿರಮಿಡ್ಡಿಗಾಗಿ ಬರುತ್ತಿರಲಿಲ್ಲ. ಪಿರಮಿಡ್ಡು ಮುಗಿದ ಮೇಲೆ ತಿಷ್‌ಕುಲ್ ಎಂಬ ಹಳ್ಳಿಯಲ್ಲಿ, ತಾಳೆಗರಿಯ ಮಾಡಿನ ಮನೆಯೊಂದರಲ್ಲಿ, ಮೂರು ಕಲ್ಲಿನ ಒಲೆಯ ಮುಂದೆ ಕೂತು ರೊಟ್ಟಿ ತಟ್ಟುವ ಎಪ್ಪತ್ತೊಂದು ವರ್ಷದ ಮುದುಕಿಗಾಗಿ ಬರುತ್ತಿದ್ದರು. ಕೆಂಪಗೆ ಕಾದ ಹಂಚಿನ ಮೇಲೆ ಅಂಗೈ ಇಟ್ಟು ನಗುವ ಬೆಂಕಿಯ ಮಗಳಿಗಾಗಿ. ಆ ಮುದುಕಿ ಅವನ ತಾಯಿ ಫಿದೇಲಿಯಾ. ಈ ಸಂಗತಿಯನ್ನು ಮಾತ್ರ ಅವನು ಮೈಕಿನಲ್ಲಿ ಒಂದು ದಿನವೂ ಹೇಳಿದ್ದಿಲ್ಲ.

ಬೆಳಗ್ಗೆ ಹಲ್ಲುಜ್ಜುತ್ತಿದ್ದಾಗ ತಂಗಿ ಎಲ್ವಿಯಾ ಫೋನು ಮಾಡಿದ್ದಳು. 'ಅಣ್ಣಾ, ಅಮ್ಮ ಗುರುವಾರ ದವಾಖಾನೆಗೆ ಹೋಗಿದ್ಲು. ಡಾಕ್ಟರಮ್ಮ ಕೈ ನೋಡಿ ಒಂದು ಕಾಗದ ಕೊಟ್ಟಿದಾಳೆ. ನಂಗೆ ತೋರಿಸ್ತಿಲ್ಲ. ನಿಕಾಗೇ ಹೇಳ್ತೀನಿ ಅಂತಾಳೆ. ಇವತ್ತು ಒಂದರ್ಧ ಗಂಟೆ ಮುಂಚೆ ಬಾ. ಒಬ್ನೇ ಬಾ.'

'ಹದಿನಾರು ಜನ ಇದಾರೆ ಎಲ್ವಿಯಾ. ಅವರ್ನ ದಾರೀಲಿ ಉದುರಿಸ್ಕೊಂಡು ಬರ್ಲಾ?'

'ನೀನು ಯಾವತ್ತೂ ಹದಿನಾರು ಜನಾನೇ' ಎಂದು ಅವಳು ಫೋನಿಟ್ಟಳು. ಆ ಮಾತು ಪೇಸ್ಟಿನ ನೊರೆಯ ಜೊತೆ ಬಾಯಲ್ಲೇ ಉಳಿದುಬಿಟ್ಟಿತ್ತು. ಈಗ, ವ್ಯಾನಿನ ಕಿಟಕಿಯಾಚೆ ಕುರುಚಲು ಕಾಡು ಒಂದೇ ಸಮ ಹಿಂದಕ್ಕೆ ಓಡುತ್ತಿರುವಾಗ, ಅವನು ಲೆಕ್ಕ ಹಾಕಲು ನೋಡಿದ: ಅಮ್ಮನ ಜೊತೆ ತಾನೊಬ್ಬನೇ ಕೊನೆಯ ಸಲ ಕೂತದ್ದು ಯಾವಾಗ? ವಾರಕ್ಕೆ ನಾಲ್ಕು ದಿನ ಅವಳನ್ನು ನೋಡುತ್ತಿದ್ದ. ಅಷ್ಟು ಸಲ ತಾಯಿಯ ಮುಖ ನೋಡುವ ಮಗ ಈ ಭೂಮಿಯ ಮೇಲೆ ಬೇರೊಬ್ಬನಿದ್ದರೆ ತೋರಿಸಲಿ. ಆದರೆ ಒಬ್ಬನೇ? ನೆನಪಾಗಲಿಲ್ಲ. ನೆನಪಾಗಲಿಲ್ಲವೆಂದು ಗುಡಿಯ ಎತ್ತರಕ್ಕೆ ಮೈಕಿನಲ್ಲಿ ಇನ್ನೂ ಹತ್ತು ಅಡಿ ಸೇರಿಸಿದ.

ಷುಲ್‌ಮುಲ್‌ನಲ್ಲಿ ಬಿಸಿಲು ಆಗಲೇ ಕಲ್ಲುಗಳನ್ನು ಹುರಿಯತೊಡಗಿತ್ತು. ಅಲ್ಲಿನ ಬಿಸಿಲಿಗೆ ಹ್ಯಾಟು ಹಾಕಿಕೊಂಡರೆ ಹ್ಯಾಟಿಗೇ ಬೆವರು ಬರುತ್ತದೆ. ನಿಕಾನೋರ್ ದೊಡ್ಡ ಗುಡಿಯ ಮುಂದೆ ನಿಂತು ಚಪ್ಪಾಳೆ ತಟ್ಟಿಸಿದ, ಮೆಟ್ಟಿಲುಗಳಿಂದ ಹಕ್ಕಿಯ ಕೂಗಿನಂತೆ ಪ್ರತಿಧ್ವನಿ ಬಂತು, ಎಲ್ಲರೂ 'ಓ' ಎಂದರು. ಪುಯೆಬ್ಲಾದಿಂದ ಬಂದಿದ್ದ ನಿವೃತ್ತ ಹಲ್ಲಿನ ಡಾಕ್ಟರು ದೋನ್ ಎವರಾರ್ದೊ ಹನ್ನೆರಡು ಸಲ ಚಪ್ಪಾಳೆ ತಟ್ಟಿದ; ಅವನ ಬೋಳುತಲೆ ಬಿಸಿಲಿನಲ್ಲಿ ಇನ್ನೊಂದು ಸೂರ್ಯನಂತೆ ಹೊಳೆಯುತ್ತಿತ್ತು. 'ರಾಜ ಇಲ್ಲಿ ನಿಂತು ಪಿಸುಗುಟ್ಟಿದರೆ ಐವತ್ತು ಹಳ್ಳಿಗಳಿಗೆ ಕೇಳಿಸುತ್ತಿತ್ತು' ಎಂದ ನಿಕಾನೋರ್. ಸಾಮಾನ್ಯವಾಗಿ ಏಳು ಹಳ್ಳಿ ಎನ್ನುತ್ತಿದ್ದ. ಮಾತು ತನ್ನಷ್ಟಕ್ಕೆ ತಾನು ನಡೆಯುತ್ತಿತ್ತು, ಇಳಿಜಾರಿಗೆ ಬಿಟ್ಟ ಗಾಡಿಯ ಹಾಗೆ. ಅದರ ಹಿಂದೆ ಅವನು ಬರಿಗೈಯಲ್ಲಿ ನಡೆದು ಬರುತ್ತಿದ್ದ. ಅಮ್ಮನ ಬಲಗೈ ಕಣ್ಣಮುಂದೆ ಬಂತು. ಹೋದ ವಾರ ಆ ಕೈಗೆ ಬಟ್ಟೆ ಸುತ್ತಿತ್ತು. ಪ್ರವಾಸಿಗಳು ಒಳಗೆ ಬರುವ ಮುಂಚೆ ಅವಳೇ ಬಿಚ್ಚಿ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದಳು. ಅವನು ನೋಡಿದ್ದ. ಬಟ್ಟೆಯನ್ನು ನೋಡಿದ್ದ. ಕೈಯನ್ನು ನೋಡಲಿಲ್ಲ.

ಹಿಂದುಗಡೆಯ ಮಂಟಪದಲ್ಲಿ ಗೋಡೆಯ ಮೇಲೆ ಕೆಂಪು ಹಸ್ತಗಳ ಗುರುತುಗಳಿವೆ. ಯಾರು ಒತ್ತಿದ್ದೋ, ಯಾಕೆ ಒತ್ತಿದ್ದೋ. ನಿಕಾನೋರ್‌ನ ಪ್ರಕಾರ ಅವು ಬೆಂಕಿಯ ಹೆಣ್ಣುಮಕ್ಕಳದ್ದು. ರಾಜನ ಒಲೆ ಕಾಯುತ್ತಿದ್ದ ಆ ಕುಲಕ್ಕೆ ಬೆಂಕಿ ಸುಡುತ್ತಿರಲಿಲ್ಲ. ಆ ಕುಲದಲ್ಲಿ ಈಗ ಉಳಿದಿರುವವಳು ಒಬ್ಬಳೇ. ಊಟದ ಹೊತ್ತಿಗೆ ನೀವು ಅವಳನ್ನು ಕಾಣುತ್ತೀರಿ. ಇಷ್ಟನ್ನು ಅವನು ಎರಡು ವರ್ಷದ ಹಿಂದೆ ಒಂದೇ ಉಸಿರಿನಲ್ಲಿ ಹುಟ್ಟಿಸಿದ್ದ. ಆವತ್ತು ಅಮ್ಮ ರೊಟ್ಟಿ ತಿರುವುತ್ತ ತಿರುವುತ್ತ ಅಂಗೈಯನ್ನು ಹಂಚಿನ ಮೇಲೆ ಮರೆತುಬಿಟ್ಟಳು. ಮರೆತದ್ದೇ. ಕೈ ಅಲ್ಲಿತ್ತು, ಅವಳು ಎಲ್ವಿಯಾಳಿಗೆ ಮೆಣಸಿನಕಾಯಿ ತರಲು ಹೇಳುತ್ತಿದ್ದಳು. ಯಾರೋ ಹೆಂಗಸು ಕಿರುಚಿದಳು. ಅಮ್ಮಾ, ಕೈ ತೆಗಿ. ಅವನ ನಾಲಿಗೆಯ ಮೇಲೆ ಬಂದ ಮೊದಲ ಮಾತು ಅದೇ, ಆಣೆ ಮಾಡಿ ಹೇಳಬಲ್ಲ. ಆದರೆ ಹದಿನಾರು ಮುಖಗಳು ಅವನ ಕಡೆ ತಿರುಗಿದ್ದವು, ಬಾಯಿ ತೆರೆದಿದ್ದವು, ಹಕ್ಕಿಮರಿಗಳ ಹಾಗೆ. 'ಹೆದರಬೇಡಿ,' ಎಂದಿತು ನಾಲಿಗೆ, 'ಇವಳು ಬೆಂಕಿಯ ಮಗಳು.' ಚಪ್ಪಾಳೆ ಬಿತ್ತು. ಅಂಥ ಚಪ್ಪಾಳೆ ಅವನ ಜನ್ಮದಲ್ಲೇ ಬಿದ್ದಿರಲಿಲ್ಲ; ಕೋಳಿಗಳು ಮೂರು ದಿನ ಮೊಟ್ಟೆ ಇಡಲಿಲ್ಲ. ಅವರೆಲ್ಲ ಹೋದ ಮೇಲೆ ಅವನು ಅಮ್ಮನ ಕೈಗೆ ಎಣ್ಣೆ ಹಚ್ಚಿದ. 'ಸಕ್ಕರೆ ಕಾಯಿಲೆ ಕಣೋ, ಬೆರಳು ಮರ ಆಗೋಗಿದೆ, ಏನೂ ಗೊತ್ತಾಗಲ್ಲ' ಎಂದು ಅವಳು ನಕ್ಕಿದ್ದಳು. ಮರುದಿನ ಬಾಗಿಲಲ್ಲೇ ನಿಂತು ಅವನು ಹೇಳಿದ್ದು ಏನು? 'ಅಮ್ಮಾ, ನಿನ್ನೆ ಮಾಡಿದ್ಯಲ್ಲ, ಒಂದು ಕ್ಷಣ ಸಾಕು.'

'ಅಣ್ಣ, ನಿಮ್ಮೂರು ಯಾವುದು?'

ಮಾಯಾ ಭಾಷೆ, ಆ ನೆಲದ ಹಳೆಯ ಜನರ ನುಡಿ. ಗೋಡೆಯೇ ಕೇಳಿದಂತಾಗಿ ನಿಕಾನೋರ್ ಬೆಚ್ಚಿದ. ಹಸ್ತದ ಗುರುತಿನ ಪಕ್ಕ ನಿಂತಿದ್ದವಳು ಸಾನ್ ಫ್ರಾನ್ಸಿಸ್ಕೋದಿಂದ ಬಂದಿದ್ದ ಹುಡುಗಿ, ನೀದಿಯಾ. ಬೆಳಗ್ಗೆಯಿಂದ ಕೊನೆಯ ಸೀಟಿನಲ್ಲಿ ಕಪ್ಪು ಕನ್ನಡಕ ಹಾಕಿ ನಿದ್ದೆ ಮಾಡುತ್ತಿದ್ದವಳು. ಅವಳನ್ನು ಅವನು ಹೊರಗಿನವಳ ಲೆಕ್ಕಕ್ಕೆ ಸೇರಿಸಿದ್ದ. ಉತ್ತರವನ್ನು ಸ್ಪ್ಯಾನಿಷಿನಲ್ಲಿ ಕೊಟ್ಟ: 'ಮೆರಿಡಾ, ಸೆನ್ಯೊರೀತಾ.'

'ಏನಂದ್ಲು? ಏನಂದ್ಲು?' ಎಂದು ಎವರಾರ್ದೊ ಮಧ್ಯೆ ತಲೆ ಹಾಕಿದ.

'ಊರು ಕೇಳಿದೆ ಅಷ್ಟೆ' ಎಂದಳು ನೀದಿಯಾ. 'ನಮ್ಮಜ್ಜಿ ಇಲ್ಲೇ ಓಷ್ಕುತ್ಸ್‌ಕಾಬ್ ಊರಿನವಳು. ಅಪ್ಪ ಅಮ್ಮ ಇಬ್ರೂ ಹೋಟೆಲಲ್ಲಿ ಪಾತ್ರೆ ತೊಳೆಯೋಕೆ ಹೋಗ್ತಿದ್ರು, ನಾನು ಅಜ್ಜಿ ಜೊತೇನೇ ಬೆಳ್ದಿದ್ದು. ನಂಗೆ ಮಾಯಾ ಬಿಟ್ಟು ಬೇರೆ ಭಾಷೇಲಿ ಬೈಗುಳ ಬರಲ್ಲ.' ಎಲ್ಲರೂ ನಕ್ಕರು. ನಿಕಾನೋರ್ ಎಲ್ಲರಿಗಿಂತ ಜೋರಾಗಿ ನಕ್ಕ. ಇವಳಿಗೆ ಅರ್ಥವಾಗುತ್ತದೆ. ಊಟದ ಹೊತ್ತಿನಲ್ಲಿ ಅಮ್ಮ ಏನು ಹೇಳಿದರೂ ಇವಳಿಗೆ ಅರ್ಥವಾಗುತ್ತದೆ.

ಯಾಕೆಂದರೆ ಊಟದ ಹೊತ್ತಿನ ಆಟ ನಡೆಯುತ್ತಿದ್ದದ್ದೇ ಯಾರಿಗೂ ಅರ್ಥವಾಗದು ಎಂಬ ಧೈರ್ಯದ ಮೇಲೆ. ಮುದುಕಿಗೆ ಸ್ಪ್ಯಾನಿಷಿನ ಒಂದಕ್ಷರವೂ ಬಾರದೆಂದು ನಿಕಾನೋರ್ ಸಾರಿದ್ದ. ನಿಜ ಹೇಳುವುದಾದರೆ ಸಂಜೆಯ ಧಾರಾವಾಹಿ ನೋಡಿ ನೋಡಿ ಫಿದೇಲಿಯಾಗೆ ರಾಜಧಾನಿಯ ಶ್ರೀಮಂತ ಹೆಂಗಸರ ಹಾಗೆ ಮೂಗಿನಲ್ಲಿ ಸ್ಪ್ಯಾನಿಷ್ ಆಡಲು ಬರುತ್ತಿತ್ತು. ಆದರೂ ಬಂದವರ ಮುಂದೆ ಅವಳು ಮಾಯಾದಲ್ಲಿ ಬಾಯಿಗೆ ಬಂದದ್ದು ಅನ್ನುವುದು, ಅದನ್ನು ಅವನು ಪೂರ್ವಜರ ನುಡಿಯಾಗಿ ತಿರುಗಿಸುವುದು. ಅಮ್ಮನ ಬಾಯಿ ಅಂದರೆ ಬಾಯಿ. ಅವಳ ಒಂದು ಮಾತಿಗೆ ಹಿಂದೊಮ್ಮೆ ಪಾದ್ರಿಯೊಬ್ಬ ಊರೇ ಬಿಟ್ಟಿದ್ದ. 'ಆ ದಪ್ಪಗಿರೋನು ಕೂತ್ರೆ ನನ್ನ ಮಣೆ ಮುರಿಯುತ್ತೆ, ನೆಲದ ಮೇಲೆ ಕೂರ್ಸು' ಎಂದರೆ, 'ಭೂಮಿತಾಯಿಯ ಮಡಿಲಲ್ಲಿ ಕೂತು ಉಣ್ಣಿ ಎನ್ನುತ್ತಾಳೆ' ಎನ್ನುತ್ತಿದ್ದ. ಜನ ಕಣ್ಣೊರೆಸಿಕೊಳ್ಳುತ್ತಿದ್ದರು. ಒಲೆಯ ಹಿಂದೆ ಎಲ್ವಿಯಾ ನಗು ತಡೆಯಲಾರದೆ ಸೌದೆ ತರಲು ಹೋಗುತ್ತಿದ್ದಳು. ಆ ಗಳಿಗೆಗಳಲ್ಲಿ ತಾಯಿ ಮಗ ಎಷ್ಟು ಹತ್ತಿರವಿರುತ್ತಿದ್ದರು! ಯಾರ ಕಣ್ಣಿಗೂ ಬೀಳದೆ, ಎಲ್ಲರ ಎದುರಿಗೇ.

ವ್ಯಾನು ತಿಷ್‌ಕುಲ್‌ನ ಮನೆಯ ಮುಂದೆ ನಿಂತಾಗ ಎಲ್ವಿಯಾ ಬಾಗಿಲಲ್ಲಿ ಕಾದಿದ್ದಳು. ಅವನನ್ನು ಪಕ್ಕಕ್ಕೆ ಕರೆಯಲು ನೋಡಿದಳು. ಅವನು 'ಕೈ ತೊಳೆಯೋಕೆ ನೀರು, ಇಲ್ಲಿ, ಎಲ್ಲರೂ ಇಲ್ಲಿ' ಎಂದು ಹದಿನಾರು ಜನರನ್ನು ತನಗೂ ಅವಳಿಗೂ ನಡುವೆ ಗೋಡೆಯಂತೆ ಕಟ್ಟಿಕೊಂಡ. ಒಳಗೆ ಹೊಗೆ, ಅರೆಗತ್ತಲು, ಹಂದಿಮಾಂಸಕ್ಕೆ ಹಚ್ಚಿದ ರಂಗುಬೀಜದ ಮತ್ತು ಹುಳಿಕಿತ್ತಳೆಯ ವಾಸನೆ. ಅಮ್ಮ ತಗ್ಗಿನ ದುಂಡು ಮೇಜಿನ ಮುಂದೆ, ಕಸೂತಿಯ ಬಿಳಿ ಹಿಪಿಲ್ ನಿಲುವಂಗಿ ತೊಟ್ಟು, ತಲೆ ಬಾಚಿ, ಕೂತಿದ್ದಳು. ಕೈಗೆ ಬಟ್ಟೆ ಇರಲಿಲ್ಲ. ಬಟ್ಟೆ ಇಲ್ಲವೆಂದು ಅವನಿಗೆ ಸಮಾಧಾನವಾಯಿತು. ಆ ಸಮಾಧಾನದ ಬೆನ್ನಿಗೇ ಬಂದವರಿಗೆ ಕೂರುವ ಜಾಗ ತೋರಿಸತೊಡಗಿದ.

ಮೊದಲು ಎಲ್ಲ ಎಂದಿನಂತೆಯೇ ನಡೆಯಿತು. ಮಾಂತೆರ್ರೆಯಿಂದ ಬಂದ ಹೊಸ ಮದುಮಗಳು ತಟ್ಟಿದ ರೊಟ್ಟಿ ಹಂಚಿನ ಮೇಲೆ ಉಬ್ಬಲಿಲ್ಲ. 'ಉಬ್ಬಿದರೆ ಮದುವೆಗೆ ಸಿದ್ಧ ಎಂದರ್ಥ, ನೀವು ಅವಸರ ಮಾಡಿಬಿಟ್ಟಿರಿ' ಎಂದ ನಿಕಾನೋರ್. ಮದುಮಗ ನಕ್ಕ, ಮದುಮಗಳು ನಗಲಿಲ್ಲ. ಅಮ್ಮ ಎವರಾರ್ದೊನ ತಲೆ ನೋಡಿ ಮಾಯಾದಲ್ಲಿ, 'ಈ ಬೋಳನನ್ನ ಒಲೆ ಮೇಲೆ ಬೋರಲು ಹಾಕಿದ್ರೆ ನಾಲ್ಕು ರೊಟ್ಟಿ ಒಟ್ಟಿಗೆ ಬೇಯುತ್ತೆ' ಎಂದಳು. ಮೂಲೆಯಲ್ಲಿ ನೀದಿಯಾ ಬಾಯಿಗೆ ಕೈ ಅಡ್ಡ ಹಿಡಿದಳು. 'ಈ ಸ್ವಾಮಿಯ ತಲೆಯಲ್ಲಿ ಸೂರ್ಯನಿದ್ದಾನೆ ಎನ್ನುತ್ತಾಳೆ' ಎಂದ ನಿಕಾನೋರ್. ಎವರಾರ್ದೊ ಎದೆಯ ಮೇಲೆ ಕೈಯಿಟ್ಟು ಬಾಗಿದ. ಆ ಕ್ಷಣ ನಿಕಾನೋರ್‌ಗೆ ಅನ್ನಿಸಿತು, ಏನೂ ಆಗುವುದಿಲ್ಲ, ಇವತ್ತೂ ದಾಟಿಬಿಡುತ್ತದೆ.

ಅಮ್ಮ ಕೈಯಲ್ಲಿದ್ದ ಹಿಟ್ಟಿನ ಉಂಡೆಯನ್ನು ಕೆಳಗಿಟ್ಟಳು. ಅವನ ಕಡೆ ನೋಡದೆ, ಬಂದವರ ಕಡೆ ನೋಡುತ್ತ, ಅದೇ ತಮಾಷೆಯ ದನಿಯಲ್ಲಿ ಶುರುಮಾಡಿದಳು. 'ನಿಕಾ, ನಿನ್ ಜನಕ್ಕೆ ಹೇಳು. ಬಲಗೈಲಿ ಎರಡು ಬೆರಳು ಕೊಳೀತಿವೆಯಂತೆ. ತೆಗೀಲೇಬೇಕಂತೆ. ಸೋಮವಾರ ದೊಡ್ಡಾಸ್ಪತ್ರೆಗೆ ಬಾ, ಬರದೇ ಹೋದ್ರೆ ಮೊಣಕೈ ತನಕ ಹೋಗುತ್ತೆ ಅಂದಿದಾಳೆ ಡಾಕ್ಟರಮ್ಮ. ಇನ್ನು ಬೆಂಕಿ ಹತ್ರ ಕೂರಬಾರದಂತೆ. ನಿನ್ನ ಒಬ್ನೇ ಬಾ ಅಂದ್ರೆ ಬರಲ್ಲ. ಅದಕ್ಕೇ ಇವರ ಎದುರಿಗೇ ಹೇಳ್ತಿದೀನಿ. ಕಂಬದ ಥರ ನಿಂತ್ಕೋಬೇಡ. ಹೇಳು ಅವರಿಗೆ.'

ಒಲೆಯ ಹಿಂದೆ ಎಲ್ವಿಯಾಳ ಕೈಯಿಂದ ಸೌಟು ಬಿತ್ತು. ಹದಿನಾರು ಮುಖಗಳು ಅವನತ್ತ ತಿರುಗಿದವು. ಎಲ್ಲವೂ ಅವನನ್ನು ಬಿಟ್ಟು ಎಲ್ಲೋ ದೂರ ಸರಿದಂತಾಯಿತು. ಆ ದೂರದಲ್ಲಿ ಎಂಟು ವರ್ಷದ ನಿಕಾ ಇನ್ನೊಂದು ದವಾಖಾನೆಯ ಕಟ್ಟೆಯ ಮೇಲೆ ನಿಂತಿದ್ದ. ಆಗ ಅಮ್ಮನಿಗೆ ಸ್ಪ್ಯಾನಿಷ್ ಬರುತ್ತಿರಲಿಲ್ಲ, ಡಾಕ್ಟರಿಗೆ ಮಾಯಾ ಬರುತ್ತಿರಲಿಲ್ಲ, ಎರಡೂ ಬರುತ್ತಿದ್ದವನು ಅವನೊಬ್ಬನೇ. ಅಮ್ಮನ ಮಡಿಲಲ್ಲಿ ತಮ್ಮ ಫೆರ್ಮಿನ್, ಏಳು ತಿಂಗಳಿನವನು, ಒಣಗಿದ ಎಲೆಯ ಹಾಗೆ. 'ಸಂಜೆ ತನಕ ಉಳಿಯೋದಿಲ್ಲ, ನಿಮ್ಮಮ್ಮನಿಗೆ ಹೇಳು' ಎಂದಿದ್ದ ಡಾಕ್ಟರು, ಬೇರೆ ಕಡೆ ನೋಡುತ್ತ. ಅಮ್ಮ ಅವನ ಬಾಯಿಯನ್ನೇ ನೋಡುತ್ತಿದ್ದಳು. ಅಷ್ಟು ದೊಡ್ಡ ಕಣ್ಣುಗಳನ್ನು ಅವನು ಮುಂದೆ ಯಾವ ಪಿರಮಿಡ್ಡಿನ ಗೋಡೆಯಲ್ಲೂ ಕಾಣಲಿಲ್ಲ. 'ಸಕ್ಕರೆ ನೀರು ಕುಡಿಸಬೇಕಂತೆ ಅಮ್ಮಾ, ನಾಳೆ ಹೊತ್ತಿಗೆ ಆಡ್ತಾನಂತೆ.' ಅಮ್ಮ ದಾರಿಯುದ್ದಕ್ಕೂ ಹಾಡುತ್ತ ಮನೆಗೆ ನಡೆದಳು. ಸಕ್ಕರೆ ಕೊಂಡಳು. ಮೂರು ಗಂಟೆಗೆ ಫೆರ್ಮಿನ್ ಸತ್ತ. ಆ ಮೇಲೆ ಯಾರೂ ಅದರ ಮಾತೆತ್ತಲಿಲ್ಲ, ನಲವತ್ತಮೂರು ವರ್ಷ.

'ಏನಂತಾಳೆ ಅಜ್ಜಿ?' ಎವರಾರ್ದೊನ ಹೆಂಡತಿ ಕೇಳಿದಳು. 'ಎಷ್ಟು ಉದ್ದ ಹೇಳಿದ್ಲು!'

ನಿಕಾನೋರ್ ಗಂಟಲು ಸರಿಮಾಡಿಕೊಂಡ. 'ಹೇಳುತ್ತಾಳೆ,' ಎಂದಿತು ನಾಲಿಗೆ, 'ಬೆಂಕಿ ನನ್ನ ತಾಯಿ, ಬೆರಳುಗಳು ಅವಳ ಮಕ್ಕಳು. ಮಕ್ಕಳು ಕೊನೆಗೆ ತಾಯಿಯ ಹತ್ತಿರವೇ ಮರಳುತ್ತಾರೆ. ನಿಮ್ಮ ಮನೆಯ ಒಲೆಯೂ ಎಂದೂ ಆರದಿರಲಿ.'

ಒಂದು ನಿಟ್ಟುಸಿರು ಇಡೀ ಮನೆಯನ್ನು ಸುತ್ತಿ ಬಂತು. ಯಾರೋ ಮೂಗೆಳೆದುಕೊಂಡರು. ಮಾತು ಎಷ್ಟು ಸೊಗಸಾಗಿ ಬಂದಿತ್ತೆಂದರೆ ಆ ಕ್ಷಣದಲ್ಲೂ ಅವನೊಳಗಿನ ಯಾವನೋ ಅದನ್ನು ನಾಳೆಗೆ ಎತ್ತಿಟ್ಟುಕೊಂಡ. ಅದನ್ನು ಅವನು ಕಂಡ. ತನ್ನೊಳಗೆ ಅದು ಆಗುವುದನ್ನು ಕಣ್ಣಾರೆ ಕಂಡ. ಅಮ್ಮ ಈಗ ಅವನ ಕಡೆ ತಿರುಗಿದ್ದಳು. ಅವಳಿಗೆ ಸ್ಪ್ಯಾನಿಷ್ ಬರುತ್ತದೆ. ಅವನ ಪ್ರತಿಯೊಂದು ಮಾತೂ ಅವಳಿಗೆ ಅರ್ಥವಾಗಿತ್ತು. ಸಿಟ್ಟಿರಲಿಲ್ಲ ಆ ಮುಖದಲ್ಲಿ. ಸಿಟ್ಟಿದ್ದರೆ ಅವನು ಬದುಕಿಕೊಳ್ಳುತ್ತಿದ್ದ.

'ಬೆಂಕಿ ತೋರಿಸಲಿ!' ಎಂದ ಮದುಮಗ, ಫೋನೆತ್ತಿ ಹಿಡಿದು. 'ಬೆಂಕಿ, ಬೆಂಕಿ!' ಎಂದು ನಾಲ್ಕೈದು ದನಿಗಳು ಸೇರಿದವು. ಕರಪತ್ರದಲ್ಲಿ ಅಚ್ಚಾಗಿದ್ದದ್ದೇ ಆ ಚಿತ್ರ. ಅಮ್ಮ ಮಗನನ್ನೇ ನೋಡುತ್ತ ಕೈಯನ್ನು ಮೇಜಿನಿಂದ ಎತ್ತಿದಳು. ನಿಧಾನವಾಗಿ, ಅವನಿಗೆ ಬೇಕಾದಷ್ಟು ಹೊತ್ತು ಕೊಡುವವಳ ಹಾಗೆ. ಬೇಡ ಅಮ್ಮಾ. ಎರಡೇ ಮಾತು, ಯಾವ ಭಾಷೆಯಲ್ಲಾದರೂ ಸಾಕಿತ್ತು. ಅವಳ ಕೈ ಹಂಚಿಗೆ ಇಳಿಯುತ್ತಿತ್ತು, ಅವನು ನಿಂತಿದ್ದ, ಮೈಲಿಗಟ್ಟಲೆ ಎತ್ತರದಿಂದ ಇಳಿದಂತೆ ಇಳಿಯುತ್ತಿತ್ತು, ಅವನು ನಿಂತೇ ಇದ್ದ. ಅಂಗೈ ಹಂಚಿಗೆ ತಾಗಿತು. ಫೋನುಗಳು ಕಿಟಿಕಿಟಿ ಎಂದವು. ಆಮೇಲೆ ವಾಸನೆ.

'ಸಾಕು ಅಜ್ಜೀ!' ನೀದಿಯಾ ಮೂಲೆಯಿಂದ ಹಾರಿ ಬಂದು ಆ ಕೈಯನ್ನು ಹಿಡಿದು ಎಳೆದಳು. ಮೇಜು ಮಗುಚಿತು, ಹಿಟ್ಟಿನ ಉಂಡೆಗಳು ಪ್ರವಾಸಿಗಳ ಕಾಲಡಿ ಉರುಳಿದವು. ಮಾಯಾದಲ್ಲಿ ಅವಳು, 'ಸಾಕಜ್ಜೀ, ಸಾಕು, ಯಾರಿಗೆ ತೋರಿಸ್ತಿದೀಯಾ ನೀನು' ಎನ್ನುತ್ತಿದ್ದಳು. ಅಮ್ಮ ಆ ಪರದೇಶದ ಹುಡುಗಿಯ ಕೆನ್ನೆಯನ್ನು ಎಡಗೈಯಿಂದ ಮುಟ್ಟಿ, 'ನೀನು ಯಾರ ಮಗಳಮ್ಮಾ?' ಎಂದು ಕೇಳಿದಳು. ಎಲ್ವಿಯಾ ಬಂದು ತಾಯಿಯನ್ನು ಒಳಗೆ ಕರೆದೊಯ್ದಳು. 'ಹುಡುಗಿ ಸ್ವಲ್ಪ ಸೂಕ್ಷ್ಮ' ಎಂದ ಎವರಾರ್ದೊ, ಯಾರಿಗೂ ಅಲ್ಲದೆ. 'ಊಟ, ಊಟ ತಣ್ಣಗಾಗುತ್ತೆ' ಎಂದ ನಿಕಾನೋರ್.

ಅವರು ಉಂಡರು. ಇದೊಂದನ್ನು ಮಾತ್ರ ಯಾರೂ ಉತ್ಪ್ರೇಕ್ಷೆ ಮಾಡಬೇಕಾಗಿಲ್ಲ: ಅವನೂ ಉಂಡ. ಎರಡನೇ ಸಲ ಬಡಿಸಿಕೊಂಡ.

ಮುಂದಿನದು ಸೆನೋಟೆ; ನೆಲದಡಿಯ ತಣ್ಣೀರಿನಲ್ಲಿ ಈಜಿ ಜನ ಮೆರಿಡಾಕ್ಕೆ ಮರಳುವುದು ವಾಡಿಕೆ. ವ್ಯಾನು ಹೊರಟಿತು. ನೀದಿಯಾ ಈಗ ಮುಂದಿನ ಸೀಟಿಗೆ, ಸರಿಯಾಗಿ ಅವನ ಬೆನ್ನ ಹಿಂದೆ, ಬಂದು ಕೂತಿದ್ದಳು.

'ಅವರು ನಿಮಗೆ ಏನಾಗ್ಬೇಕು?' ಮಾಯಾದಲ್ಲಿ ಕೇಳಿದಳು.

ಅವನು ಮೈಕಿನ ತಂತಿ ಸುತ್ತತೊಡಗಿದ.

'ಅಮ್ಮನಾ?'

'ಹೂಂ' ಎಂದ. ಆ ದಿನ ಅವನು ಆಡಿದ ಮೊದಲ ಮಾಯಾ ಮಾತು ಅದು.

'ನಾನು ಯಾರಿಗೂ ಹೇಳಲ್ಲ ದೋನ್ ನಿಕಾ. ನಂಗೇನು ಹೇಳೋ ಹಕ್ಕಿದೆ? ನಮ್ಮಜ್ಜಿ ಸಾಯೋವಾಗ ನಾನೂ ಅಲ್ಲಿ ನರ್ಸು ಹೇಳಿದ್ದನ್ನ ಬೇರೆ ಥರಾನೇ ಹೇಳ್ದೆ' ಎಂದಳು. ಕನ್ನಡಕ ಹಾಕಿಕೊಂಡು ಕಿಟಕಿಯ ಕಡೆ ತಿರುಗಿದಳು. ಅವಳು ಬೈದಿದ್ದರೆ ಚೆನ್ನಾಗಿತ್ತು. ಬೈಗುಳಕ್ಕೆ ಅವನ ಬಳಿ ಸಾವಿರ ಉತ್ತರಗಳಿದ್ದವು.

ಅವನು ಮೈಕು ಎತ್ತಿಕೊಂಡ. ಯಾಕೆ ಎತ್ತಿಕೊಂಡನೋ, ಕೈಗೆ ಅದೊಂದೇ ಗೊತ್ತಿತ್ತು. 'ಸ್ನೇಹಿತರೇ,' ಎಂದ, 'ಆ ಹೆಂಗಸು ಯಾವ ರಾಜನ ಕುಲದವಳೂ ಅಲ್ಲ. ನನ್ನ ತಾಯಿ. ಅವಳಿಗೆ ಸಕ್ಕರೆ ಕಾಯಿಲೆ ಇದೆ, ಬೆರಳುಗಳಲ್ಲಿ ಸ್ಪರ್ಶ ಇಲ್ಲ. ಬೆಂಕಿ ಸುಡುತ್ತದೆ, ಅವಳಿಗೆ ತಿಳಿಯುವುದಿಲ್ಲ ಅಷ್ಟೆ. ಎರಡು ಬೆರಳು ಕತ್ತರಿಸಬೇಕು ಅಂತ ಅವಳು ಇವತ್ತು ನಿಮ್ಮ ಎದುರಿಗೇ ನನಗೆ ಹೇಳಿದಳು. ನಾನು ನಿಮಗೆ ಬೇರೆ ಹೇಳಿದೆ.'

ಹಿಂದಿನ ಸೀಟಿನಲ್ಲಿ ಯಾರೋ ನೀರಿನ ಬಾಟಲಿಯ ಮುಚ್ಚಳ ತಿರುಗಿಸಿದರು. ಆಗ ದೋನ್ ಎವರಾರ್ದೊ ತೊಡೆ ತಟ್ಟಿ ಹಾಹಾ ಎಂದು ನಕ್ಕ. 'ಅಯ್ಯಪ್ಪಾ! ಏನ್ ಗಾಬರಿ ಬೀಳಿಸ್ಬಿಟ್ರಿ ದೋನ್ ನಿಕಾ! ಬೆಳಗಿಂದ ಹೇಳಿದ್ರಲ್ಲಿ ಇದೇ ಕಣ್ರೀ ಎಲ್ಲಕ್ಕಿಂತ ಚೆನ್ನಾಗಿರೋದು. ನನ್ ಹೆಂಡ್ತಿ ಅಳ್ತಾನೇ ಇದಾಳೆ ನೋಡಿ!' ಅವನು ಚಪ್ಪಾಳೆ ತಟ್ಟಿದ. ಮದುಮಗ ತಟ್ಟಿದ. ಒಬ್ಬೊಬ್ಬರಾಗಿ ಹದಿನೈದು ಜನ ತಟ್ಟಿದರು. ಎರಡು ವರ್ಷದ ಹಿಂದಿನದಕ್ಕಿಂತ ದೊಡ್ಡ ಚಪ್ಪಾಳೆ.

'ನಿಲ್ಸು' ಎಂದ ನಿಕಾನೋರ್.

'ಏನು?' ಎಂದ ಗಾಸ್ಪಾರ್.

'ವ್ಯಾನ್ ನಿಲ್ಸೋ.'

'ದೋನ್ ನಿಕಾ, ನೀವು ಇಳಿದ್ರೆ ಇವರಿಗೆ ಮಾತಾಡೋರು ಯಾರು? ಸಾಹೇಬ್ರು ಕೆಲಸದಿಂದ ತೆಗೀತಾರೆ ನಿಮ್ನ!'

'ಮುಂದೆ ಬರೀ ನೀರು. ನೀರಿಗೆ ಮಾತು ಬೇಕಾಗಿಲ್ಲ' ಎಂದು ಅವನು ಮೈಕನ್ನು ಸೀಟಿನ ಮೇಲೆ ಇಟ್ಟು ಇಳಿದ. ಬಾಗಿಲು ಮುಚ್ಚುವಾಗ ನೀದಿಯಾ ಒಂದು ಸಲ ಅವನನ್ನು ನೋಡಿದಳು.

ತಿಷ್‌ಕುಲ್‌ಗೆ ಐದು ಕಿಲೋಮೀಟರು. ಬೇರೆ ದಿನವಾಗಿದ್ದರೆ ಇಪ್ಪತ್ತು ಎನ್ನುತ್ತಿದ್ದ, ದಾರಿಯಲ್ಲಿ ಎರಡು ಹುಲಿಗಳನ್ನೂ ಸೇರಿಸುತ್ತಿದ್ದ. ಸುಣ್ಣದ ಬಿಳಿ ರಸ್ತೆ ಕಣ್ಣಿಗೆ ಹೊಡೆಯುತ್ತಿತ್ತು. ನಡೆಯುತ್ತ ನಡೆಯುತ್ತ ಅವನು ಏನು ಹೇಳಬೇಕೆಂದು ಕಟ್ಟಿಕೊಳ್ಳತೊಡಗಿದ. ಅಮ್ಮಾ, ಮೆರಿಡಾದಲ್ಲಿ ಇನ್ನೂ ದೊಡ್ಡ ಡಾಕ್ಟರಿದ್ದಾರೆ. ಅಮ್ಮಾ, ಈಗಿನ ಕಾಲದಲ್ಲಿ ಎಂಥೆಂಥ ಔಷಧಿ ಬಂದಿದೆ. ಮಾತುಗಳು ಒಂದಕ್ಕೊಂದು ಕೈ ಹಿಡಿದು ಸರಾಗವಾಗಿ ಬರುತ್ತಿದ್ದವು. ಎಷ್ಟು ಸರಾಗವೆಂದರೆ ಅರ್ಧ ದಾರಿಯಲ್ಲಿ ಅವನಿಗೆ ಭಯವಾಗಿ, ಆಮೇಲೆ ಬರಿದೇ ಹೆಜ್ಜೆ ಎಣಿಸುತ್ತ ನಡೆದ.

ಎಲ್ವಿಯಾ ಹಿತ್ತಲಲ್ಲಿ ತಟ್ಟೆ ತೊಳೆಯುತ್ತಿದ್ದವಳು ಅವನನ್ನು ನೋಡಿ ಎದ್ದು ನಿಂತಳು, ಒಳಗೆ ಕೈ ತೋರಿಸಿದಳು. ಒಲೆ ಆರಿತ್ತು. ಅಮ್ಮ ತೂಗುಜೋಲಿಯಲ್ಲಿ ಅಡ್ಡಲಾಗಿ ಕೂತಿದ್ದಳು, ಕೈಗೆ ಹೊಸ ಬಟ್ಟೆ ಸುತ್ತಿತ್ತು.

'ಎಲ್ಲೋ ನಿನ್ ಜನ?' ಎಂದಳು.

'ಹೋದ್ರು.'

'ನೀನ್ಯಾಕೆ ಹೋಗ್ಲಿಲ್ಲ?'

ಅವನು ಮಣೆ ಎಳೆದುಕೊಂಡು ಅವಳ ಮುಂದೆ ಕೂತ. ಮನೆ ಇಷ್ಟು ದೊಡ್ಡದೆಂದು ಅವನಿಗೆ ಗೊತ್ತೇ ಇರಲಿಲ್ಲ. ಹದಿನಾರು ಜನರಿಲ್ಲದೆ ಗೋಡೆಗಳು ಹಿಂದಕ್ಕೆ ಸರಿದಿದ್ದವು. ಅಮ್ಮ ಎದೆಯೊಳಗಿನಿಂದ ಮಡಿಸಿದ ಕಾಗದ ತೆಗೆದು ಅವನ ತೊಡೆಯ ಮೇಲಿಟ್ಟಳು.

'ಓದು.'

'ನಿಂಗೆ ಗೊತ್ತಲ್ಲ ಅಮ್ಮಾ. ಆಗಲೇ ನೀನೇ ಹೇಳಿದ್ಯಲ್ಲ.'

'ಡಾಕ್ಟರಮ್ಮ ಹೇಳಿದ್ದು ಗೊತ್ತು. ನೀನು ಹೇಳೋದು ಗೊತ್ತಿಲ್ಲ.' ಆಮೇಲೆ, ಜೋಲಿಯನ್ನು ಕಾಲಿನಿಂದ ನೆಲಕ್ಕೆ ಒತ್ತಿ ನಿಲ್ಲಿಸಿ, 'ಫೆರ್ಮಿನ್ ವಿಷಯ ಹೇಳಿದ ಹಾಗೆ ಹೇಳ್ಬೇಡ' ಎಂದಳು.

ಅವಳಿಗೆ ಗೊತ್ತಿತ್ತು. ಎಂದಿನಿಂದ? ಸಕ್ಕರೆ ಕೊಳ್ಳುವಾಗಲೇ? ಹಾಡುತ್ತ ನಡೆಯುವಾಗಲೇ? ಕೇಳಲು ಅವನಿಗೆ ಧೈರ್ಯ ಸಾಲಲಿಲ್ಲ. ಕಾಗದ ಬಿಚ್ಚಿದ. ಸ್ಪ್ಯಾನಿಷಿನ ನಾಲ್ಕು ಸಾಲು, ಒಂದು ಸಹಿ. ಓದುತ್ತಿದ್ದಂತೆ ನಾಲಿಗೆ ತನ್ನ ಕೆಲಸ ಶುರುಮಾಡಿತ್ತು. ಒಂದೊಂದು ಪದಕ್ಕೂ ಮೆತ್ತನೆಯ ಇನ್ನೊಂದು ಪದ ಎದುರಿಗೆ ಬಂದು ನಿಲ್ಲುತ್ತಿತ್ತು, ಅಂಗಡಿಯವರು ಬಟ್ಟೆಯ ಮೇಲೆ ಬಟ್ಟೆ ಹಾಸಿದಂತೆ. ಅವನು ಬಾಯಿ ಮುಚ್ಚಿ ಕಾದ. ಅವೆಲ್ಲ ಬಂದು ಹೋಗುವ ತನಕ ಕಾದ. ಹಿತ್ತಲಲ್ಲಿ ತಟ್ಟೆಯ ಸದ್ದೂ ನಿಂತಿತ್ತು.

'ಸೋಮವಾರ ಆಸ್ಪತ್ರೆಗೆ ಹೋಗ್ಬೇಕು' ಎಂದ ಮಾಯಾದಲ್ಲಿ. ದನಿ ಯಾರದೋ ಆಗಿತ್ತು, ಚಿಕ್ಕದಾಗಿತ್ತು. 'ಬಲಗೈದು ಎರಡು ಬೆರಳು ಸತ್ತಿವೆ ಅಮ್ಮಾ. ಕತ್ತರಿಸ್ತಾರೆ. ಮತ್ತೆ ಬರಲ್ಲ ಅವು. ನಾನೇ ಸುಟ್ಟೆ.'

ಕೊನೆಯ ಮಾತು ಕಾಗದದಲ್ಲಿರಲಿಲ್ಲ. ಅಮ್ಮ ತಲೆಯಾಡಿಸಿದಳು, ಅಪರಿಚಿತರ ಬಾಯಿಂದ ಹೊಸ ಸುದ್ದಿ ಕೇಳಿದವಳ ಹಾಗೆ. ಮುಖವನ್ನು ಬಾಗಿಲ ಕಡೆ, ಹೊರಗಿನ ಬಿಳಿ ಬಿಸಿಲಿನ ಕಡೆ ತಿರುಗಿಸಿಕೊಂಡಳು. ನಿಕಾನೋರ್ ಅವಳ ಕೈಯ ಬಟ್ಟೆಯನ್ನು ಸುತ್ತು ಸುತ್ತಾಗಿ ಬಿಚ್ಚಿದ. ಎರಡು ವರ್ಷದಲ್ಲಿ ಮೊದಲ ಸಲ ಆ ಕೈಯನ್ನು ನೋಡಿದ. ನೋಡುತ್ತಲೇ ಇದ್ದ.

'ಯಾವ ಎರಡು?' ಎಂದಳು ಅಮ್ಮ, ಹೊರಗೆ ನೋಡುತ್ತಲೇ.

ಅವನು ಆ ಎರಡು ಬೆರಳುಗಳನ್ನು ತನ್ನ ಅಂಗೈಯೊಳಗೆ ತೆಗೆದುಕೊಂಡು ಮೆಲ್ಲಗೆ ಒತ್ತಿ ಹಿಡಿದ.

ಅವಳು ಕಾದಳು. ಮುಖ ಇನ್ನೂ ಬಾಗಿಲ ಕಡೆಗೇ ಇತ್ತು.

'ಹೇಳೋ ನಿಕಾ' ಎಂದಳು, 'ಯಾವ ಎರಡು?'